ಎಂಟನೇ ಮೆಟ್ಟಿಲುಸಾಲು

ಬ್ರೂಕ್ಲಿನ್ನಿನ ಆ ಬೀದಿಯಲ್ಲಿ ಮನೆಗಳೆಲ್ಲ ಒಂದೇ ಅಚ್ಚು. ಕಂದುಕಲ್ಲಿನ ಮುಖ, ಒಂದಕ್ಕೊಂದು ಅಂಟಿದ ಗೋಡೆ, ಬೀದಿಯಿಂದ ಮೇಲಿನ ಬಾಗಿಲಿಗೆ ಹತ್ತು ಕಲ್ಲುಮೆಟ್ಟಿಲು. ಬಾರ್ಬಡೋಸಿನಿಂದ ಬಂದು ಆರು ತಿಂಗಳಾದರೂ ಎಲ್ರಿಕ್ ಗಿಟನ್ಸ್ ಕತ್ತಲಲ್ಲಿ ಮನೆ ಗುರುತಿಸುತ್ತಿದ್ದದ್ದು ಮೂಲೆಯಿಂದ ಮೆಟ್ಟಿಲುಸಾಲು ಎಣಿಸಿಯೇ. ಅವನದು ಒಂಬತ್ತನೇ ಮನೆ, ಆದರೆ ಎಂಟನೇ ಸಾಲು. ಪಕ್ಕದ ಎಂಟನೇ ಮನೆಯ ಮೆಟ್ಟಿಲನ್ನು ಯಾವ ಕಾಲದಲ್ಲೋ ಒಡೆದುಹಾಕಿದ್ದರು. ಮನೆ ಖಾಲಿ. ಮೇಲಿನ ಬಾಗಿಲಿಗೆ ಅಡ್ಡ ಹಲಗೆ ಹೊಡೆದು ಹಾಗೇ ಬಿಟ್ಟಿದ್ದರು, ಆಳೆತ್ತರದಲ್ಲಿ.

ಕೆಳಗಿನ ಅಂತಸ್ತಿನ, ಅವನ ಊರಿನವಳೇ ಆದ ಮುದುಕಿ ಮಿಸೆಸ್ ಕ್ಲಾರ್ಕ್‌ಗೆ ಅವನ ಎಣಿಕೆ ಕಂಡರೆ ನಗು. "ನಿಮ್ಮಪ್ಪ ನಕ್ಷತ್ರ ನೋಡಿ ದೋಣಿ ದಡಕ್ಕೆ ತರ್ತಿದ್ದ. ನೀನು ಹೆಂಡ್ತಿ ಹತ್ರ ಬರೋಕೆ ಬೆರಳು ಮಡಚ್ತೀಯಲ್ಲೋ."

ಜನವರಿಯಲ್ಲಿ ಹೆಂಡತಿ ಯೂನಾಗೆ ದಿನ ತುಂಬಿತ್ತು. ಆಸ್ಪತ್ರೆಯ ಬಟ್ಟೆ ಒಗೆಯುವ ಕೆಲಸಕ್ಕೆ ಅವನು ಹೊರಟಾಗ ಅವಳು ಕೇಳಿದ್ದು ಒಂದೇ.

"ನೋವು ಬಂದಾಗ ನೀನು ಪಕ್ಕದಲ್ಲಿರ್ಬೇಕು. ನಂಗೆ ಇನ್ನೇನೂ ಬೇಡ."

ಇರುತ್ತೇನೆ ಅಂದ.

ಆ ರಾತ್ರಿ ಹಿಮ ಸುರಿದು ರೈಲು ನಿಂತಿತು. ಅವನು ಬೀದಿಯ ಮೂಲೆ ಮುಟ್ಟಿದಾಗ ಹನ್ನೆರಡು ದಾಟಿತ್ತು. ದೀಪಗಳೂ ಹೋಗಿದ್ದವು. ಬೂಟಿನಡಿ ಹಿಮ ಕರಕ್... ಕರಕ್... ಕೈಯಿಂದ ಮೆಟ್ಟಿಲುಸಾಲಿನ ಕಂಬಿ ಮುಟ್ಟುತ್ತ ಎಣಿಸಿದ. ಆರು... ಏಳು... ಎಂಟು. ಹತ್ತಿದ. ಬೀಗದಲ್ಲಿ ಕೀಲಿ ಕಟಕ್ ಎಂದು ತಿರುಗಿತು.

ಮೇಲಿನಿಂದ ಪಿಸುದನಿ. "ಬಂದ್ಯಾ?"

"ಬಂದೆ."

"ಶುರುವಾಗಿದೆ. ಕೈ ಹಿಡ್ಕೋ."

ಕತ್ತಲಲ್ಲೇ ಹೋಗಿ ಮಂಚದ ಅಂಚಿಗೆ ಕೂತ. ಕೈ ಸಿಕ್ಕಿತು. ಮಂಜುಗಡ್ಡೆ. ಒಲೆ ಆರಿಹೋಗಿರಬೇಕು ಅಂದುಕೊಂಡ. ಅವಳು ನರಳಿದಾಗಲೆಲ್ಲ ಬೆರಳು ಬಿಗಿಯುತ್ತಿದ್ದವು. ಎಷ್ಟು ಹೊತ್ತು ಹಾಗೆ ಕಳೆಯಿತೋ...

ಆಗ ನಡುಗೋಡೆಯ ಆಚೆಯಿಂದ ಒಂದು ಕೂಗು.

"ಎಲ್ರಿಕ್!"

ಅದು ಯೂನಾ. ಆಮೇಲೆ, ಅದೇ ಗೋಡೆಯ ಆಚೆ, ಒಬ್ಬ ಗಂಡಸು ಮೆಲ್ಲಗೆ ಉತ್ತರಿಸಿದ. "ಇಲ್ಲೇ ಇದ್ದೀನಿ."

ಎಲ್ರಿಕ್ ಕಿವಿಗೊಟ್ಟ. ಅದು ಅವನದೇ ದನಿ.

ಕೈ ಎಳೆದ. ಹಿಡಿತ ಸಡಿಲವಾಗಲಿಲ್ಲ.

"ಬಿಡಮ್ಮಾ. ನನ್ನೋಳು ಕಾಯ್ತಿದ್ದಾಳೆ."

ಕತ್ತಲೊಳಗಿಂದ ಮೆಲ್ಲಗೆ, "ನಾನೂ."

ಅವನು ಏಳಲಿಲ್ಲ. ಹೆದರಿಕೆಯೋ ಕನಿಕರವೋ, ಅವನಿಗೇ ಇವತ್ತಿಗೂ ಗೊತ್ತಿಲ್ಲ. ಕೂತೇ ಇದ್ದ. ಕೊನೆಗೆ ಗೋಡೆಯ ಆಚೆ ಕೂಸೊಂದು ಕುಂಯ್... ಎಂದು ಅತ್ತಿತು. ಈಚೆ ಬೆರಳುಗಳು ಒಂದೊಂದಾಗಿ ಬಿಚ್ಚಿಕೊಂಡವು.

ಓಡಿದ. ಬಾಗಿಲು ತೆರೆದು ಕಾಲಿಟ್ಟರೆ ಕೆಳಗೆ ಮೆಟ್ಟಿಲಿಲ್ಲ. ಹಿಮದ ಮೇಲೆ ಧೊಪ್ಪನೆ ಬಿದ್ದ. ಕಾಲು ಉಳುಕಿತು. ಕುಂಟುತ್ತಲೇ ತನ್ನ ಮನೆ ಹತ್ತಿದ.

ಮಿಸೆಸ್ ಕ್ಲಾರ್ಕ್ ಕೈ ಒರೆಸಿಕೊಳ್ಳುತ್ತ ತಿರುಗಿದಳು. "ರಾತ್ರಿಯೆಲ್ಲ ಕೈ ಹಿಡ್ಕೊಂಡು ಕೂತು, ಮಗಳ ಮುಖ ನೋಡೋ ಹೊತ್ತಿಗೆ ಎಲ್ಲಿಗೆ ಓಡಿದ್ಯೋ? ಅದೂ ಈ ಚಳೀಲಿ, ಕೋಟು ಬಿಟ್ಟು."

ಯೂನಾ ಕಣ್ಣು ಮುಚ್ಚಿಯೇ ನಕ್ಕಳು. "ಬೈಬೇಡಿ. ಮಾತು ಉಳಿಸ್ಕೊಂಡ."

ಎಲ್ರಿಕ್ ತನ್ನ ಎದೆ ಮುಟ್ಟಿ ನೋಡಿಕೊಂಡ. ಕೋಟು ಮೈಮೇಲೇ ಇತ್ತು. ಕುರ್ಚಿಯ ಬೆನ್ನಿಗೆ ಇನ್ನೊಂದು ನೇತಾಡುತ್ತಿತ್ತು, ತೋಯ್ದು ತೊಟ್ಟಿಕ್ಕುತ್ತ.

ಬೆಳಗಾದ ಮೇಲೆ ಹೋಗಿ ನೋಡಿದರು. ಪಕ್ಕದ ಬಾಗಿಲಿನ ಹಲಗೆ, ತುಕ್ಕು ಹಿಡಿದ ಮೊಳೆ, ಯಾವುದೂ ಅಲುಗಿರಲಿಲ್ಲ. ನಂಬದವರು ನಂಬದಿರಲಿ, ಗಿಟನ್ಸ್ ಮನೆಯ ಬೀರುವಿನಲ್ಲಿ ಎರಡು ಕೋಟೂ ಇವತ್ತಿಗೂ ಇವೆ. ಎರಡರದ್ದೂ ಎಡಮೊಣಕೈ ಹರಿದಿದೆ. ಕಪ್ಪು ದಾರ ಮುಗಿದಿತ್ತೆಂದು ಯೂನಾ ಹಸಿರು ದಾರದಲ್ಲಿ ಹೊಲಿದ ತೇಪೆ ಎರಡರಲ್ಲೂ ಇದೆ. ಅವಳು ಹೊಲಿದದ್ದು ಒಂದನ್ನೇ.