ಒಣ ಪುಡಿಗೆ ಒಳ್ಳೆ ದರ

ಎಕ್ಸ್‌-ರೇ ಕೋಣೆಯ ಹೊರಗಿನ ಬೆಂಚಿನಲ್ಲಿ ನನ್ನ ಪಕ್ಕ ಇಬ್ಬರು ಕೂತಿದ್ದರು. ಕೆಮ್ಮುತ್ತಿದ್ದವನು ಬೆಣಚುಕಲ್ಲು ಪುಡಿ ಮಾಡುವ ಗಿರಣಿಯ ಆಳು. ಅವನ ಚೀಟಿ ಹಿಡಿದುಕೊಂಡಿದ್ದವನು ಅದೇ ಗಿರಣಿಯ ಮೇಸ್ತ್ರಿ, ಅವನ ಅಕ್ಕನ ಗಂಡ. ಇಷ್ಟನ್ನೂ ನಾನು ಕೇಳದೆಯೇ ಅವರ ಮಾತು ತಿಳಿಸಿತು.

“ಪುಡಿ ದರ ಎಲ್ಲಿಗೆ ಬಂತು, ಭಾವ?”

“ಅರ್ಧಕ್ಕರ್ಧ ಬಿತ್ತು. ಗಾಜಿನ ಕಾರ್ಖಾನೆಯವರು ಲಾರಿ ಕಳಿಸೋದೇ ನಿಲ್ಲಿಸಿದಾರೆ.”

“ಹೋದ ವರ್ಷ ಗೇಟಿನಾಚೆವರೆಗೂ ಲಾರಿ ಸಾಲು ನಿಂತಿರ್ತಿತ್ತು.”

“ಹೋದ ವರ್ಷದ್ದು ಈಗ್ಯಾಕೆ, ಬಿಡು.”

“ಹೆಂಗೆ ಬಿಡ್ಲಿ? ಪುಡಿ ತೇವ ಇದ್ರೆ ದರ ಮುರೀತಾರೆ ಅಂತ ಧೂಳಡಗಿಸೋ ನೀರು ನಿಲ್ಲಿಸಿದ್ದು ಯಾರು?”

“ಧಣಿ ಹೇಳಿದ್ರು.”

“ನಲ್ಲಿ ತಿರುಗಿಸಿದ ಕೈ ನಿಮ್ದೇ ತಾನೆ?”

ಮೇಸ್ತ್ರಿ ಚೀಟಿಯನ್ನು ಇನ್ನೊಂದು ಸಲ ಮಡಚಿದ.

“ಬಾಯಿಗೆ ಕಟ್ಕೊಳ್ಳೋಕೆ ಎಲ್ಲರಿಗೂ ಬಟ್ಟೆ ಕೊಡಿಸಿದ್ದೆನಲ್ಲಪ್ಪ.”

“ಕೊಡಿಸಿದ್ರಿ. ಅದನ್ನ ಒಗೆದ ಧೂಳು ನೀರನ್ನ ಅಕ್ಕ ಗಿಡಕ್ಕೂ ಹಾಕ್ತಿರಲಿಲ್ಲ. ಈಗ ಗಿರಣೀಲಿ ನೀರು ಬಿಡ್ತಿದೀರಾ?”

“ದಿನಪೂರ್ತಿ. ಒಂದು ಚೂರು ಧೂಳಿಲ್ಲ, ಬಂದು ನೋಡು.”

“ಕೊಳ್ಳೋರು ಇಲ್ಲದಿದ್ದಾಗ ಧಣಿಗೂ ನಮ್ಮ ಎದೆ ಮೇಲೆ ಪ್ರೀತಿ ಬರುತ್ತೆ.”

ಕೆಮ್ಮು ಬಂದು ಮಾತು ನಿಂತಿತು. ಮೇಸ್ತ್ರಿ ಅವನ ಬೆನ್ನು ಸವರಿದ. ಅವನು ಬೇಡವೆನ್ನಲಿಲ್ಲ.

“ಭಾವ, ಒಳಗೆ ಏನಾದ್ರೂ ಕಂಡ್ರೆ ಅಕ್ಕಂಗೆ ನೀವೇ ಹೇಳ್ಬೇಕು.”

“ನಾನು ಏನಂತ ಹೇಳ್ಲಿ?”

“ಆಗ ದರ ಚೆನ್ನಾಗಿತ್ತು ಅಂತ ಹೇಳಿ.”

ಅಷ್ಟರಲ್ಲಿ ಒಳಗಿನಿಂದ ಕರೆ ಬಂತು. ಅವನು ಎದ್ದು ನಡೆದ. ಮೇಸ್ತ್ರಿ ಮಡಚಿದ ಚೀಟಿಯನ್ನು ಬಿಡಿಸುತ್ತ ಅವನ ಹಿಂದೆ ಹೋದ.