ಹದಿನೆಂಟು ಮಜ್ಜಿಗೆ

ಹೆಸರು: ವಿಮಲಮ್ಮ ಕೋಂ ಲೇಟ್ ನಂಜಣ್ಣ, ವಯಸ್ಸು 54 ವರ್ಷ, ಹೋಟೆಲ್ ವ್ಯಾಪಾರ, ವಾಸ: ಬೋರೆಕೊಪ್ಪಲು, ರಾವಂದೂರು ಹೋಬಳಿ, ಪಿರಿಯಾಪಟ್ಟಣ ತಾಲ್ಲೂಕು.

ನಾನು ಠಾಣೆಗೆ ಖುದ್ದು ಬಂದು ಬರೆಸುವುದೇನೆಂದರೆ, ಈ ಒಂದು ಸುತ್ತು ಮಜ್ಜಿಗೆಗೆ ಆದ ಖರ್ಚು ಇಷ್ಟು: ಚಿಕ್ಕಮಾದಮ್ಮನ ಬಲಗಾಲು ಮೊಣಕಾಲಿನಿಂದ ಕೆಳಗೆ, ಒಂದು ಮಡಿ ಹೊಗೆಸೊಪ್ಪಿನ ಸಸಿ, ನನ್ನ ಹೋಟೆಲಿನ ಹದಿನೆಂಟು ಗಿರಾಕಿಗಳು. ಮಜ್ಜಿಗೆ ಯಾರೂ ಪೂರಾ ಕುಡಿದಿಲ್ಲ.

ನನ್ನ ಹೋಟೆಲು ಕಲ್ಲು ಕ್ವಾರಿಯಿಂದ ಸುಮಾರು 300 ಮೀಟರ್ ದೂರದಲ್ಲಿದ್ದು, ರಸ್ತೆಯ ಆಚೆ ಚಾಮಯ್ಯ ಮತ್ತು ಅವನ ಹೆಂಡತಿ ಚಿಕ್ಕಮಾದಮ್ಮನ ಜಮೀನು ಇರುತ್ತದೆ. ಮನೆ, ಜಮೀನಿಗೆ ಇಷ್ಟು ಹತ್ತಿರ ಮದ್ದು ಸಿಡಿಸುವುದು ಪರಿಸರ ನಿಯಮಕ್ಕೆ ವಿರುದ್ಧವೆಂದು ಚಾಮಯ್ಯ ಮತ್ತು ಊರಿನವರು ಹೂಡಿದ ದಾವೆಯಲ್ಲಿ, ತೀರ್ಮಾನವಾಗುವವರೆಗೆ ಸ್ಫೋಟ ಕೂಡದೆಂದು ಜನವರಿಯಲ್ಲಿ ತಡೆಯಾಜ್ಞೆ ಆಗಿರುತ್ತದೆ. ಕ್ವಾರಿ ಮಾಲೀಕ ಮಹೇಶ್‌ಕುಮಾರ್‌ರವರು ಬರೀ ಯಂತ್ರದಿಂದ ಕಲ್ಲು ಒಡೆಯುತ್ತಿರುವುದಾಗಿ ಕೋರ್ಟಿಗೆ ಹೇಳಿದ್ದಾರೆ.

ಅದು ಸುಳ್ಳು. ಆಜ್ಞೆಯಿಂದ ನಿಂತದ್ದು ಎಚ್ಚರಿಕೆಯ ಸೈರನ್ ಮಾತ್ರ. ಮದ್ದು ಸಿಡಿಸುವ ಮುಂಚೆ ಆಳುಗಳು ಗುಂಡಿಯಿಂದ ಹೊರಗೆ ಬರಲೇಬೇಕಲ್ಲ, ಬಂದು ಕೂರುವುದು ನನ್ನ ಹೋಟೆಲಿನಲ್ಲಿ. ಅದಕ್ಕೆ ಮೇಸ್ತ್ರಿ ಕೃಷ್ಣಕುಮಾರ್ ಮೊದಲೇ ಫೋನ್ ಮಾಡಿ ಹದಿನೆಂಟು ಟೀ ಹೇಳುತ್ತಿದ್ದನು. ಎರಡು ಟೀ ಎಂದರೆ ಟೀ; ಹದಿನೆಂಟು ಎಂದರೆ ಮದ್ದು. ನಾನು ರಸ್ತೆಗೆ ಬಂದು, ಟೀ ಹೇಳವ್ರೆ ಕಣೇ ಎಂದು ಕೂಗಿದರೆ ಚಿಕ್ಕಮಾದಮ್ಮ ಹಸು ಹಿಡಿದುಕೊಂಡು ಈಚೆ ಬರುತ್ತಿದ್ದಳು. ಅವಳೂ ಒಂದು ಲೋಟ ಕುಡಿಯುತ್ತಿದ್ದಳು. ಅದನ್ನು ನಾನು ಕ್ವಾರಿ ಲೆಕ್ಕಕ್ಕೇ ಬರೆಯುತ್ತಿದ್ದೆ. ಮೊದಲೇ ಏಕೆ ದೂರು ಕೊಡಲಿಲ್ಲ ಎಂದು ಸಾಹೇಬರು ಕೇಳಿದ್ದಕ್ಕೆ, ದೂರು ಕೊಟ್ಟವಳ ಹೋಟೆಲಿಗೆ ಯಾರು ಬರುತ್ತಾರೆ ಎಂದು ಹೇಳಿರುತ್ತೇನೆ.

ದಿನಾಂಕ 16-04-2025ರಂದು ಬೆಳಿಗ್ಗೆ 11-50ಕ್ಕೆ ಕೃಷ್ಣಕುಮಾರ್ ಫೋನ್ ಮಾಡಿ, ಅಕ್ಕಾ, ಈ ಬಿಸ್ಲಲ್ಲಿ ಟೀ ಯಾರ್ ಕುಡೀತಾರೆ ಬುಡಿ, ಹದಿನೆಂಟು ಮಜ್ಜಿಗೆ ಮಾಡಿ ಎಂದನು. ಮಜ್ಜಿಗೆ ಊಟದ ಜೊತೆ ಹೋಗುವ ಪದಾರ್ಥ. ಇವತ್ತು ಊಟಕ್ಕೆ ಬೇಗ ಬರುತ್ತಾರೆಂದು ತಿಳಿದು ಅನ್ನಕ್ಕೆ ಇಟ್ಟೆ. ರಸ್ತೆಗೆ ಹೋಗಿ ಕೂಗಲಿಲ್ಲ.

12-10ಕ್ಕೆ ಆಳುಗಳು ಬಂದರು. ಯಾರೂ ಕೈ ತೊಳೆಯಲಿಲ್ಲ, ಎಲೆ ಕೇಳಲಿಲ್ಲ. ಕೃಷ್ಣಕುಮಾರ್ ಲೋಟ ಹಿಡಿದು ಕ್ವಾರಿಯ ಬೋರೆ ಕಡೆಯೇ ನೋಡುತ್ತಿದ್ದನು. ಮದ್ದು ಇಟ್ಟಿದ್ದೀಯೇನ್ಲಾ ಎಂದು ಕೇಳಿದೆ. ಫೋನಲ್ಲಿ ಹೇಳಿದ್ನಲ್ಲಕ್ಕಾ ಎಂದನು. ನಾನು ಹೊರಗೆ ಓಡಿ, ಟೀ ಕಣೇ ಚಿಕ್ಕಮಾದೀ, ಟೀ ಎಂದು ಕಿರುಚಿದೆ. ಅವಳು ಸಸಿ ಮಡಿಗೆ ನೀರು ಹಾಕುತ್ತಿದ್ದವಳು ತಕ್ಷಣ ಎದ್ದಳು. ಎದ್ದು, ಕೈಲಿದ್ದ ಕ್ಯಾನು ಸಸಿ ಮೇಲೆ ಉರುಳದಂತೆ ಬದುವಿನ ಮೇಲೆ ಇಟ್ಟಳು. ಅಷ್ಟು ಹೊತ್ತಿಗೆ ಸಿಡಿಯಿತು, ಕಲ್ಲು ಬಂದು ಬಲಗಾಲಿಗೆ ಬಿತ್ತು. ಕ್ಯಾನು ನಿಂತೇ ಇತ್ತು.

ಅವಳನ್ನು ಎತ್ತಿ ಪಿಕಪ್‌ಗೆ ಹಾಕಿದವನು ಕೃಷ್ಣಕುಮಾರ್. ಮೈಸೂರಿನ ಆಸ್ಪತ್ರೆಯಲ್ಲಿ ಅದೇ ದಿನ ಕಾಲು ತೆಗೆದರು.

ಸಂಜೆ 6 ಗಂಟೆಗೆ ಮಹೇಶ್‌ಕುಮಾರ್ ಹೋಟೆಲಿಗೆ ಬಂದು, ಮದ್ದೇ ಸಿಡಿದಿಲ್ಲ, ಆಯಮ್ಮ ಬದುವಿಂದ ಜಾರಿ ಬಿದ್ದಳು, ಹುಡುಗರು ಬಂದಿದ್ದು ಊಟಕ್ಕೆ ಅನ್ನಿ ಸಾಕು, ಮಜ್ಜಿಗೆ ಊಟದ್ದೇ ತಾನೆ ಎಂದರು. ಅವ್ರು ಬಂದಾಗ ಅನ್ನ ಇನ್ನೂ ಒಲೆ ಮೇಲೆ ಕುದೀತಿತ್ತು ಸ್ವಾಮಿ, ಏನ್ ಬಡಿಸ್ದೆ ಅನ್ಲಿ ಎಂದು ಕೇಳಿದೆ. ನಮ್ಮ ಅನ್ನ ತಿಂದು ನಮಗೇ ಎರಡು ಬಗೆಯಬೇಡ ಎಂದರು. ಇಷ್ಟು ವರ್ಷ ಬೇಯಿಸಿ ಹಾಕಿದವಳು ನಾನು, ತಿಂದವರು ನೀವು, ಸರಿಯಾಗಿ ಹೇಳಿ ಎಂದೆ. ನಾಳೆಯಿಂದ ಒಬ್ಬ ಆಳೂ ಇತ್ತ ಬರುವುದಿಲ್ಲ, ರಸ್ತೆ ಜಾಗದಲ್ಲಿರುವ ನಿನ್ನ ಶೀಟಿನ ಮನೆ ಎಷ್ಟು ದಿನ ನಿಲ್ಲುತ್ತೋ ನೋಡ್ತೀನಿ ಎಂದು ಬೆದರಿಸಿ ಹೋಗಿರುತ್ತಾರೆ. ಮೊದಲನೆಯದು ಮಾರನೆಯ ದಿನವೇ ಆಯಿತು.

ಸ್ಫೋಟವೇ ಆಗಿಲ್ಲವೆಂದು ಕೋರ್ಟು ನಂಬಿದರೆ ಮುಂದಿನ ವಾರದ ವಿಚಾರಣೆಯಲ್ಲಿ ತಡೆಯಾಜ್ಞೆ ತೆರವಾಗುತ್ತದೆಂದು ಚಾಮಯ್ಯ ಹೇಳಿದ್ದರಿಂದ ಈ ಹೇಳಿಕೆ ಕೊಡುತ್ತಿದ್ದೇನೆ. ಬಿದ್ದ ಕಲ್ಲು ಸಸಿ ಮಡಿಯಲ್ಲೇ ಇದ್ದು, ಚಾಮಯ್ಯ ಯಾರಿಗೂ ಮುಟ್ಟಲು ಬಿಟ್ಟಿರುವುದಿಲ್ಲ.

ಬರೆದದ್ದನ್ನು ನನಗೆ ಓದಿ ಹೇಳಿದರು. ನಾನು ಆಡಿದ ಮಾತೇ ಇದೆ, ಕೂಡಿಸಿದ್ದೂ ಕಳೆದದ್ದೂ ಇಲ್ಲ.

ಓದಿದ ಮೇಲೆ ಸೇರಿಸಿ ಬರೆಸಿದ್ದು: ಇದರಲ್ಲಿ ಯಾರಿಗೆ ಏನು ಲಾಭ ಎಂದು ಸಾಹೇಬರು ಕೇಳಿದ್ದಕ್ಕೆ ನನ್ನ ಉತ್ತರ ಇದು: ಅಂದು ಒಡೆದ ಬಂಡೆ ಕತ್ತಲಾಗುವುದರೊಳಗೆ ಆರು ಟಿಪ್ಪರ್‌ನಲ್ಲಿ ಕ್ರಷರ್‌ಗೆ ಹೋಗಿದೆ, ಅದು ಮಹೇಶ್‌ಕುಮಾರ್‌ಗೆ. ಕೃಷ್ಣಕುಮಾರ್‌ಗೆ ಕೆಲಸ ಬಿಡಿಸಿ ಊರಿಗೆ ಕಳಿಸಲು ಕೊಟ್ಟ ಬಸ್ ಚಾರ್ಜು. ಚಾಮಯ್ಯನಿಗೆ ಒಬ್ಬ ಸಾಕ್ಷಿ. ಚಿಕ್ಕಮಾದಮ್ಮನಿಗೆ ಏನೂ ಇಲ್ಲ. ನನಗೂ ಏನೂ ಇಲ್ಲ. ಅದನ್ನು ಮರೆಯದೆ ಬರೆದುಕೊಳ್ಳಿ, ಕ್ವಾರಿ ಮಾಲೀಕರ ವಕೀಲರು ಮೊದಲು ಕೇಳುವುದು ಅದನ್ನೇ.

ಸ್ಥಳ: ಪಿರಿಯಾಪಟ್ಟಣ
ದಿನಾಂಕ: 19-04-2025
(ಸಹಿ) ವಿಮಲಮ್ಮ