ಒಂದೇ ಮಡಕೆ, ಎಂಟು ಕೊಳವೆ

ಹೆಸರು: ಅಗುತಿ ಡಿಬೋರ, ದಿವಂಗತ ಒಜುಲೊಂಗ್‌ನ ಹೆಂಡತಿ. ವಯಸ್ಸು: 47. ಕಸುಬು: ರಾಗಿ ಹೆಂಡ ಮಾಡಿ ಮಾರುವುದು. ವಾಸ: ಅಬುಕೆತ್ ಹಳ್ಳಿ, ಬೋರ್ ಪಂಪಿನಿಂದ ಪಶ್ಚಿಮಕ್ಕೆ ಮುನ್ನೂರು ಹೆಜ್ಜೆ, ಟೆಸೊ ಸೀಮೆ, ಉಗಾಂಡ.

ಮೇಲ್ಕಂಡ ನಾನು ಎರಡು ಆರೋಪಗಳ ಮೇಲೆ ಈ ಠಾಣೆಯ ಬೆಂಚಿನಲ್ಲಿ ಕೂತಿರುವವಳು. ಒಂದು, ನೆರೆಮನೆಯ ಒಚೋಮನಿಗೆ ಹೆಂಡದಲ್ಲಿ ವಿಷ ಹಾಕಿ ಕೊಂದೆನೆಂಬುದು. ಎರಡು, ಅವನ ತಮ್ಮ ಎಕೊಲುವಿನ ಮೇಲೆ ಕುದಿಯುವ ನೀರು ಎರಚಿದೆನೆಂಬುದು. ಮೊದಲನೆಯದು ಸುಳ್ಳು. ಎರಡನೆಯದು ನಿಜ. ಎರಡೂ ಹೇಗೆ ನಡೆದವೆಂದು ನಾನೇ ಬಾಯಿಬಿಟ್ಟು ಬರೆಸುವುದೇನೆಂದರೆ:

ಹೋದ ಫೆಬ್ರವರಿ 20ರ ಭಾನುವಾರ ಮಾವಿನ ಮರದ ಕೆಳಗಿನ ಪ್ರಾರ್ಥನಾ ಸಭೆಯಲ್ಲಿ ನಾನು ಎದ್ದು ನಿಂತು, ಇನ್ನು ಮುಂದೆ ಹೆಂಡ ಬಾಯಿಗಿಡುವುದಿಲ್ಲವೆಂದು ಬೈಬಲ್ ಮುಟ್ಟಿ ಹೇಳಿದೆ. ಇದನ್ನು ನಮ್ಮ ಕಡೆ ರಕ್ಷಣೆ ಆಗುವುದು ಎನ್ನುತ್ತಾರೆ. ಮಾರುವುದಿಲ್ಲವೆಂದು ಹೇಳಲಿಲ್ಲ. ಪಾದ್ರಿಗಳು ಕೇಳಲೂ ಇಲ್ಲ. ನನ್ನ ಗಂಟಲು ದೊಡ್ಡದು. ಮೈಕಿಲ್ಲದೆ ಹೇಳಿದ್ದು ಇಡೀ ಊರಿಗೆ ಕೇಳಿಸಿದೆ. ಇದನ್ನು ಬರೆಸುವ ಕಾರಣವೇನೆಂದರೆ, ನಮ್ಮೂರಲ್ಲಿ ಹೆಂಡ ಮಾಡಿದವಳೇ ಎಲ್ಲರೆದುರು ಮೊದಲ ಗುಟುಕು ಕುಡಿದು ತೋರಿಸುವುದು ಪದ್ಧತಿ. ಇಪ್ಪತ್ತೊಂಬತ್ತು ವರ್ಷ ನಾನು ಹಾಗೆ ಕುಡಿದು ತೋರಿಸಿದ್ದೇನೆ. ಆ ಭಾನುವಾರದಿಂದ ತೋರಿಸಿಲ್ಲ.

ದಿನಾಂಕ 9-3-2011ರ ಬುಧವಾರ, ಮಧ್ಯಾಹ್ನ ಎರಡು ಗಂಟೆಗೆ ಅಂಗಳದ ಹುಣಸೆ ಮರದ ನೆರಳಿನಲ್ಲಿ ಮಡಕೆ ಇಟ್ಟೆ. ವಾರಕಾಲ ಮಣ್ಣಿನಲ್ಲಿ ಹೂತು ಹುಳಿ ಬರಿಸಿ, ಹುರಿದು, ಒಣಗಿಸಿದ ರಾಗಿ ಹಿಟ್ಟು ಅದು; ಮೊಳಕೆ ರಾಗಿ ಬೆರೆಸಿ ಮೂರು ದಿನ ಬಿಟ್ಟದ್ದು. ಮಡಕೆಗೆ ನಾಲ್ಕು ಹೆಜ್ಜೆ ದೂರದಲ್ಲಿ ಮೂರು ಕಲ್ಲಿನ ಒಲೆಯ ಮೇಲೆ ನೀರು ಕುದಿಯುತ್ತಿತ್ತು. ಹೆಂಡ ಇಳಿದಂತೆಲ್ಲ ಸೋರೆಬುರುಡೆಯಲ್ಲಿ ಬಿಸಿನೀರು ಮೊಗೆದು ಹಾಕುತ್ತಿರಬೇಕು. ಕೂತವರು ಕೆಳತುದಿಗೆ ಸೋಸುವ ಜಾಲರಿ ಹೆಣೆದ ಅವರವರ ಉದ್ದ ಕೊಳವೆಯನ್ನು ಮಡಕೆಗೆ ಇಳಿಬಿಟ್ಟು ಸುತ್ತ ಕೂತು ಹೀರುತ್ತಾರೆ. ಒಬ್ಬರ ಕೊಳವೆಯನ್ನು ಇನ್ನೊಬ್ಬರು ಮುಟ್ಟುವುದಿಲ್ಲ.

ಎರಡು ಗಂಟೆಗೆ ಏಳು ಜನ ಕೂತರು. ಎಲ್ಲರಿಗಿಂತ ಹಿರಿಯರಾದ ಎಸೆಗು ತಾತ ನನ್ನ ಕಡೆ ನೋಡಿ, 'ಉಪ್ಪು ನೋಡದೆ ಬಡಿಸೋ ಅಡುಗೆಯವಳನ್ನ ನಾನು ಈ ವಯಸ್ಸಿನಲ್ಲಿ ಕಂಡಂಗಾಯ್ತು' ಎಂದರು. ನಿಮ್ಮ ಹೊಟ್ಟೆ ನನ್ನ ಉಪ್ಪು ನೋಡಿ ಮೂವತ್ತು ವರ್ಷ ಆಯ್ತು, ಸುಮ್ಮನೆ ಕುಡೀರಪ್ಪ ಎಂದೆ. ಎಲ್ಲರೂ ನಕ್ಕರು. ನನ್ನ ಬದಲು ಮೊದಲ ಗುಟುಕನ್ನು ಅವರೇ ಕುಡಿದರು.

ಮೂರೂ ಕಾಲಿಗೆ ಒಚೋಮ್ ಬಂದನು. ವಯಸ್ಸು ನಲವತ್ತರ ಆಸುಪಾಸು. ಕೊಳವೆಯನ್ನು ಸುತ್ತಿ ಹೆಗಲಿಗೆ ಹಾಕಿಕೊಂಡಿದ್ದನು. ಅವನಿಗೂ ನನಗೂ ಒಂದು ತಿಂಗಳ ಹಿಂದೆ ಜಗಳವಾಗಿದ್ದು ನಿಜ. ಬಿಸಿಲಿಗೆ ಹರಡಿದ್ದ ನನ್ನ ಮೊಳಕೆ ರಾಗಿಯನ್ನು ಅವನ ಆಡುಗಳು ತಿಂದಿದ್ದವು. ಆ ದಿನ ನಾನು ಅವನಿಗೆ, ನಿನ್ನ ನಾಲಿಗೆ ಒಣಗಿ ಹೋಗ ಎಂದು ಬೈದಿದ್ದೂ ನಿಜ. ಮಾರನೆಯ ದಿನ ಅವನು ಅರ್ಧ ಬುಟ್ಟಿ ಗೆಣಸು ತಂದಿಟ್ಟು ಹೋದನು. ಗೆಣಸು ತಂದದ್ದು ಯಾರಿಗೂ ಗೊತ್ತಿಲ್ಲ. ಬೈದದ್ದು ಎಲ್ಲರಿಗೂ ಗೊತ್ತು.

ಮೊದಲ ಬಾರಿ ಹೀರಿದ ಕೂಡಲೇ ಅವನು ಮುಖ ಕಿವುಚಿ, 'ಅಕ್ಕ, ರಕ್ಷಣೆ ಆದಮೇಲೆ ನಿನ್ನ ಕೈರುಚಿ ಕೆಟ್ಟೋಯ್ತು, ಕಹಿ ಐತೆ' ಎಂದನು. ಪಕ್ಕದವನು, 'ನೀನು ಹೆಂಡ್ತಿ ಹತ್ರ ಬೈಸಿಕೊಂಡು ಬಂದಿದ್ದೀಯ, ಇವತ್ತು ಜೇನೂ ಕಹೀನೇ' ಎಂದನು. ಬೇರೆ ಯಾರಿಗೂ ಕಹಿಯಾಗಿರಲಿಲ್ಲ. ಒಚೋಮ್ ಹಟಕ್ಕೆ ಬಿದ್ದವನಂತೆ ಕಣ್ಣುಮುಚ್ಚಿ ಇನ್ನೂ ನಾಲ್ಕೈದು ಬಾರಿ ಉದ್ದಕ್ಕೆ ಹೀರಿದನು.

ಮೂರೂ ಮುಕ್ಕಾಲಿಗೆ ಅವನಿಗೆ ಬೆವರು ಕಿತ್ತುಕೊಂಡು ಬಂತು. ಬಾಯಿಂದ ಜೊಲ್ಲು ಸುರಿಯಿತು. ಕಣ್ಣಿನ ಪಾಪೆ ಸಾಸಿವೆಯಷ್ಟಾಗಿತ್ತು. ಚಾಪೆಯ ಮೇಲೆ ಬಿದ್ದು ಕೈಕಾಲು ಬಡಿದನು. ಕೊಳವೆ ಮಡಕೆಯಲ್ಲೇ ನಿಂತಿತ್ತು. ಕೂಗು ಕೇಳಿ ಅವನ ತಮ್ಮ ಎಕೊಲು ಮತ್ತು ಹೆಂಡತಿ ಅನ್ಯೈತ್ ಓಡಿ ಬಂದರು. ಬಾಡಿಗೆ ಬೈಕಿನಲ್ಲಿ ಚಾಲಕನ ಬೆನ್ನಿಗೆ ಅವನನ್ನು ಒರಗಿಸಿ, ಹಿಂದೆ ಎಕೊಲು ಅಪ್ಪಿ ಕೂತು, ನಾಲ್ಕು ಗಂಟೆ ಐದು ನಿಮಿಷಕ್ಕೆ ಹೊರಟರು. ಆಸ್ಪತ್ರೆ ಒಂಬತ್ತು ಕಿಲೋಮೀಟರು. ನಾನು ಅನ್ಯೈತಳನ್ನು ಕೂರಿಸಿಕೊಂಡು ಪ್ರಾರ್ಥನೆ ಮಾಡುತ್ತಿದ್ದೆ. ಒಲೆಯ ಉರಿಯನ್ನು ಯಾರೂ ಆರಿಸಲಿಲ್ಲ.

ನಾಲ್ಕು ಐವತ್ತಕ್ಕೆ ಬೈಕು ಹಿಂದಿರುಗಿತು. ಎಕೊಲು ಒಬ್ಬನೇ ಇಳಿದನು. ಅಂಗಿಯ ಮುಂಭಾಗವೆಲ್ಲ ಅಣ್ಣನ ಜೊಲ್ಲಿನಿಂದ ನೆನೆದಿತ್ತು. ಅವನು ನೆಟ್ಟಗೆ ತನ್ನ ಮನೆಗೆ ಹೋಗಿ, ಮಚ್ಚು ಹಿಡಿದು ನನ್ನ ಅಂಗಳದ ನಡುವೆ ಬಂದು ನಿಂತನು. ಅಷ್ಟು ಹೊತ್ತಿಗೆ ಸುಮಾರು ನಲವತ್ತು ಜನ ಸೇರಿದ್ದರು.

ಐದನೇ ಕಿಲೋಮೀಟರಿನಲ್ಲಿ ಅಣ್ಣನ ಉಸಿರು ನಿಂತಿತು, ಹೆಣವನ್ನು ಆಸ್ಪತ್ರೆಗೆ ಒಪ್ಪಿಸಿ ಬಂದೆ ಎಂದನು. ಆಮೇಲೆ ನನ್ನ ಕಡೆ ಮಚ್ಚು ತೋರಿಸಿ, 'ಎಲ್ಲಾರೂ ಹೇಳ್ರಿ. ಇವಳು ಇವತ್ತು ಮೊದಲು ಕುಡಿದಳಾ, ಇಲ್ಲವಾ' ಎಂದು ಕೇಳಿದನು. ಇಲ್ಲ ಎಂದು ಹೆಂಗಸರ ಗುಂಪಿನಿಂದ ಒಂದು ದನಿ ಬಂತು. 'ನಮ್ಮಣ್ಣನ ನಾಲಿಗೆ ಒಣಗಲಿ ಅಂದಿದ್ದಳಾ, ಇಲ್ಲವಾ' ಎಂದನು. ಅಂದಿದ್ದಳು ಎಂದು ಹಲವು ದನಿ ಬಂದವು. ಎಸೆಗು ತಾತ ಎದ್ದು ನಿಂತು, ಅದೇ ಮಡಕೆಯಲ್ಲಿ ನಾನೂ ಕುಡಿದಿದ್ದೇನೆ, ನಾನು ಬದುಕಿಲ್ಲವೇ ಎಂದರು. ಅದಕ್ಕೆ ಎಕೊಲು, 'ಕೂತ್ಕೋ ತಾತ, ನಿನ್ನಂಥ ಮುದುಕರಿಗೆ ಯಾರಾದ್ರೂ ವಿಷ ದಂಡ ಮಾಡ್ತಾರಾ' ಎಂದನು. ಆ ಹೊತ್ತಿನಲ್ಲೂ ಇಬ್ಬರು ನಕ್ಕದ್ದು ನನಗೆ ಕೇಳಿಸಿತು.

ಮೊದಲ ಏಟು ಗುದ್ದಲಿ ಕಾವಿನದು, ಎಡ ಭುಜಕ್ಕೆ ಬಿತ್ತು. ಎರಡನೆಯದು ಅದೇ ಜಾಗಕ್ಕೆ. ನೆಲಕ್ಕೆ ಬಿದ್ದ ಮೇಲೆ ಎಷ್ಟು ಕಾಲುಗಳೆಂದು ಎಣಿಸಲಾಗಲಿಲ್ಲ. ಮುಂದಿನ ಎರಡು ಹಲ್ಲು ಹೋದವು, ಒಂದನ್ನು ನುಂಗಿದೆ. ಯಾರೋ ಹೆಂಡದ ಗುಡಿಸಲಿನ ಹುಲ್ಲು ಚಾವಣಿಗೆ ಕೊಳ್ಳಿ ಇಟ್ಟರು. ಒಳಗಿದ್ದ ನಾಲ್ಕು ಮಡಕೆ ಒಂದೊಂದಾಗಿ ಸಿಡಿದದ್ದು ಕೇಳಿತು. ಹೊಡೆದವರ ಹೆಸರು ಈಗ ಬರೆಸಲು ನನಗೆ ಇಷ್ಟವಿಲ್ಲ. ಅವರಲ್ಲಿ ಐವರು ನನ್ನ ಮದುವೆಯಲ್ಲಿ ಕುಣಿದವರು. ಇಬ್ಬರ ಹೊಕ್ಕುಳಬಳ್ಳಿಯನ್ನು ಈ ಕೈಯಿಂದಲೇ ಕತ್ತರಿಸಿದ್ದೇನೆ.

ಆಗ ನಾನು ನೆಲದ ಮೇಲಿಂದಲೇ ಕೂಗಿ, ಬೈಬಲ್ ಮುಟ್ಟಿದ ಕೈ ಇದು, ಆದರೂ ನಿಮ್ಮ ಕಣ್ಣೆದುರು ಕುಡಿದು ತೋರಿಸುತ್ತೇನೆ, ತನ್ನಿ ಎಂದೆ. ಹೊಡೆತ ನಿಂತಿತು. ಎಕೊಲು ಮಡಕೆಯಲ್ಲಿದ್ದ ಅಣ್ಣನ ಕೊಳವೆಯ ಮೇಲ್ತುದಿ ಹಿಡಿದು ನನ್ನ ಮುಖದ ಹತ್ತಿರ ತಂದು, 'ಅವನು ಬಾಯಿಟ್ಟ ಕಡೆನೇ ಬಾಯಿಡು' ಎಂದನು.

ತುಟಿಗೆ ನಾಲ್ಕು ಬೆರಳು ದೂರವಿರುವಾಗ ನನಗೆ ವಾಸನೆ ಬಂತು. ಸೀಮೆಎಣ್ಣೆ ಮತ್ತು ಕೊಳೆತ ಬೆಳ್ಳುಳ್ಳಿ ಬೆರೆಸಿದಂಥ ವಾಸನೆ. ದನ ಸಾಕಿದವರೆಲ್ಲರೂ ಬಲ್ಲ ವಾಸನೆ. ದನದ ಮೈಯ ಉಣ್ಣಿ ಸಾಯಿಸಲು ಸಿಂಪಡಿಸುವ ಔಷಧಿಯದು. ಇದರಲ್ಲಿ ಕುಡಿಯುವುದಿಲ್ಲ, ಮಿಕ್ಕ ಏಳರಲ್ಲಿ ಯಾವುದನ್ನಾದರೂ ಕೊಡಿ ಎಂದೆ. ಕುಡಿಯುವುದಿಲ್ಲ ಎಂದಷ್ಟೇ ಜನರಿಗೆ ಕೇಳಿಸಿತು. ನೋಡಿದಿರಾ, ಅವಳ ಬಾಯಿಂದಲೇ ಬಂತು ಎಂದರು. ಎಕೊಲು ಮಚ್ಚಿನ ಚಪ್ಪಟೆ ಭಾಗದಿಂದ ಬೆನ್ನಿಗೆ ಮೂರು ಬಾರಿ ಹೊಡೆದನು. ಮೂರನೆಯ ಸಲ ಮಚ್ಚು ಹೊರಳಿ ಬಲಗಿವಿಯ ಕೆಳಗೆ ಎರಡು ಬೆರಳಗಲ ಸೀಳಿತು. ಅದನ್ನು ರೈಟರ್ ನೋಡಿದ್ದಾರೆ.

ಇದೇ ಕೊನೆ ಎಂದು ತಿಳಿದು, ದೇವರು ಕೊಟ್ಟ ಗಂಟಲನ್ನೆಲ್ಲ ಒಟ್ಟುಮಾಡಿ ನಾನು ಹೇಳಿದ್ದು ಇಷ್ಟು: 'ಒಂದೇ ಮಡಕೆ, ಎಂಟು ಕೊಳವೆ. ಎಂಟು ಜನ ಹೀರಿದ್ರು, ಒಬ್ಬ ಬಿದ್ದ. ವಿಷ ನನ್ನ ಹೆಂಡದಲ್ಲಿದ್ದಿದ್ರೆ ಇಲ್ಲಿ ಎಂಟು ಹೆಣ ಬೀಳಬೇಕಿತ್ತು. ನನ್ನನ್ನ ಆಮೇಲೆ ಕೊಲ್ರಿ. ಮೊದಲು ಆ ಕೊಳವೆ ಮೂಸಿ ನೋಡ್ರಿ.'

ಯಾರೂ ಮುಂದೆ ಬರಲಿಲ್ಲ. ಎಸೆಗು ತಾತ ಮಾತ್ರ ಕೋಲೂರಿಕೊಂಡು ಬಂದು, ಕೊಳವೆಯನ್ನು ಮಡಕೆಯಿಂದ ಮೇಲೆತ್ತಿ, ತುದಿಯಲ್ಲಿ ಹೆಣೆದ ಜಾಲರಿಯನ್ನು ಮೂಸಿದರು. ಮೂಸಿದವರು ಹಾಗೇ ನೆಲಕ್ಕೆ ಕೂತರು. 'ಉಣ್ಣಿ ಔಷಧಿ' ಎಂದರು.

ಆಗ ಮಾತಾಡಿದವಳು ಒಚೋಮನ ಹೆಂಡತಿ ಅನ್ಯೈತ್. ಅಳು ನಿಲ್ಲಿಸಿ, ಸಣ್ಣ ದನಿಯಲ್ಲಿ ಮೈದುನನನ್ನೇ ನೋಡುತ್ತ, 'ಬೆಳಗ್ಗೆ ನೀನು ಕೇಳಿದೆ. ನಾನೇ ತೊಲೆಯಿಂದ ತೆಗೆದುಕೊಟ್ಟೆ' ಎಂದಳು. ಜನ ಕೇಳಿದ ಮೇಲೆ ಬಿಡಿಸಿ ಹೇಳಿದಳು. ಆ ದಿನ ಹನ್ನೊಂದು ದನಗಳಿಗೆ ಔಷಧಿ ಹೊಡೆಯಬೇಕಿತ್ತು. ಡಬ್ಬಿಯ ಅಳತೆ ಮುಚ್ಚಳ ಕಳೆದುಹೋಗಿತ್ತು. ಎಕೊಲು ಅಣ್ಣನ ಕೊಳವೆಯನ್ನು ಡಬ್ಬಿಗೆ ಇಳಿಸಿ, ಮೇಲ್ತುದಿಗೆ ಹೆಬ್ಬೆರಳು ಒತ್ತಿ, ನಿಂತಷ್ಟು ಔಷಧಿಯನ್ನು ಎತ್ತಿ ನೀರಿನ ಡ್ರಮ್ಮಿಗೆ ಬಿಟ್ಟಿದ್ದನು. ಆಮೇಲೆ ಕೊಳವೆಯನ್ನು ಮತ್ತೆ ತೊಲೆಗೆ ಸಿಕ್ಕಿಸಿದ್ದನು. ಒಚೋಮ್ ಆಗ ಮೇವಿಗೆ ಹೋಗಿದ್ದನು. ಅವನಿಗೆ ಯಾರೂ ಹೇಳಲಿಲ್ಲ. ಜಾಲರಿ ಹೀರಿಟ್ಟುಕೊಂಡದ್ದೆಲ್ಲ ಮೊದಲ ಕೆಲವು ಗುಟುಕಿಗೇ ಅವನ ಬಾಯಿ ಸೇರಿರಬೇಕೆಂದು ನನ್ನ ಅಂದಾಜು. ಅದನ್ನು ಡಾಕ್ಟರು ಹೇಳಬೇಕು.

ಎಕೊಲು, 'ತೊಳೆದಿಟ್ಟಿದ್ದೆ' ಎಂದನು. ಅತ್ತಿಗೆಯ ಕಡೆ ತಿರುಗಿ, 'ಬೋರ್ ನೀರಲ್ಲಿ ತೊಳೆದಿಟ್ಟಿದ್ದೆ ಅತ್ತಿಗೆ' ಎಂದನು. ಅತ್ತಿಗೆ ಮುಖ ತಿರುಗಿಸಿದಳು. ಆಗ ಅವನು ಮಚ್ಚನ್ನು ಕೆಳಗೆ ಹಾಕಿ, ಎಸೆಗು ತಾತನ ಕೈಯಿಂದ ಕೊಳವೆ ಕಿತ್ತುಕೊಂಡನು. 'ತೊಳೆದ ಕೊಳವೆ ಇದು, ನೋಡ್ರಿ' ಎಂದು ಜಾಲರಿಯ ತುದಿಯನ್ನೇ ಬಾಯಿಗೆ ತುರುಕಿಕೊಳ್ಳಲು ಹೋದನು. ಆ ಹೊತ್ತಿಗೆ ನಾನು ಮೊಣಕಾಲಿನ ಮೇಲೆ ತೆವಳಿ ಒಲೆಯ ಹತ್ತಿರ ಬಂದಿದ್ದೆ. ಸೋರೆಬುರುಡೆ ಕೈಗೆ ಸಿಕ್ಕಿತು. ಮೊಗೆದು ಎರಚಿದೆ. ನೀರು ಅವನ ಕೈ ಮತ್ತು ಕುತ್ತಿಗೆಗೆ ಬಿತ್ತು. ಕೊಳವೆ ಬಿದ್ದಿತು. ಅದನ್ನು ನಾನು ಮೊಣಕಾಲಿನ ಕೆಳಗೆ ಒತ್ತಿ ಹಿಡಿದೆ. ಸಮಯ ಐದೂ ಇಪ್ಪತ್ತು.

ಅಲ್ಲಿಂದ ಮುಂದೆ ಜನ ನನ್ನನ್ನು ಮರೆತರು. ಒಡಹುಟ್ಟಿದವನನ್ನೇ ಕೊಂದ ಎಂದು ಒಬ್ಬನು ಕೂಗಿದನು. ನನಗೆಂದು ಆರಿಸಿಟ್ಟಿದ್ದ ಕಲ್ಲುಗಳನ್ನೇ ಎತ್ತಿಕೊಂಡರು. ಕಲ್ಲುಗಳು ಅವೇ, ಕೈಗಳೂ ಅವೇ. ಮೊದಲ ಕಲ್ಲು ಎಕೊಲುವಿನ ಹಣೆಗೆ ಬಿತ್ತು. ನಾನು ಕೊಳವೆಯನ್ನು ಕಂಕುಳಿಗೆ ಸಿಕ್ಕಿಸಿಕೊಂಡು, ಅವನ ಅಂಗಿಯ ಕೊರಳು ಹಿಡಿದು ಹನ್ನೆರಡು ಹೆಜ್ಜೆ ಎಳೆದುಕೊಂಡು ಹೋಗಿ, ಮನೆಯೊಳಗೆ ಹಾಕಿ ತಗಡಿನ ಬಾಗಿಲಿಗೆ ಅಗುಳಿ ಜಡಿದೆ. ಅನ್ಯೈತ್ ಹೊರಗಿನಿಂದ ಬಾಗಿಲಿಗೆ ಬೆನ್ನು ಕೊಟ್ಟು ನಿಂತಳೆಂದು ಆಮೇಲೆ ತಿಳಿಯಿತು. ಇಪ್ಪತ್ತೈದು ನಿಮಿಷ ತಗಡಿಗೆ ಕಲ್ಲು ಬಿದ್ದವು. ಒಳಗೆ ಅವನ ಕೈಯ ಚರ್ಮ ಅಂಗಿಯ ತೋಳಿನೊಡನೆ ಬರುತ್ತಿತ್ತು. ಅವನು ನನಗೆ, 'ಮೂರು ಸಲ ತೊಳೆದೆ ಅಕ್ಕ' ಎಂದನು. ಸ್ವಲ್ಪ ಹೊತ್ತು ಬಿಟ್ಟು, 'ಎರಡು ಸಲ' ಎಂದನು. ಐದೂ ಮುಕ್ಕಾಲಿಗೆ ಪೊಲೀಸ್ ಲಾರಿ ಬಂತು. ಕೊಳವೆಯನ್ನು ಬಟ್ಟೆಯಲ್ಲಿ ಸುತ್ತಿ ಸಾಹೇಬರ ಕೈಗೆ ಕೊಟ್ಟಿದ್ದೇನೆ.

ಎಕೊಲುವಿಗೆ ಮೊದಲೇ ಗೊತ್ತಿತ್ತೇ ಎಂದು ಸಾಹೇಬರು ಕೇಳಿದರು. ಅನ್ಯೈತ್ ಬಾಯಿ ಬಿಡುವವರೆಗೆ ಗೊತ್ತಿರಲಿಲ್ಲ. ಬಿಟ್ಟ ಮೇಲೆ ಗೊತ್ತಿತ್ತು, ಗೊತ್ತಿದ್ದೇ ಬಾಯಿಗೆ ತಂದನು. ಅವನ ಮುಖವನ್ನು ನಾಲ್ಕು ಹೆಜ್ಜೆ ದೂರದಿಂದ ನಾನು ನೋಡಿದ್ದೇನೆ. ಅವನು ಅಣ್ಣನನ್ನು ಬೇಕೆಂದು ಕೊಂದವನಲ್ಲ ಎಂದು ಎಲ್ಲಿ ಬೇಕಾದರೂ ನಿಂತು ಹೇಳುತ್ತೇನೆ.

ನೀರು ಎರಚಿದ್ದು ಏಕೆ ಎಂದೂ ಕೇಳಿದರು. ಅವನನ್ನು ಉಳಿಸಲು ಎಂದು ಬರೆದುಬಿಟ್ಟರೆ ಎರಡನೆಯ ಆರೋಪವೂ ಬಿದ್ದುಹೋಗುತ್ತದೆ, ಸಂಜೆಗೆ ಮನೆಗೆ ಹೋಗಬಹುದು ಎಂದು ರೈಟರ್ ಒಳ್ಳೆಯ ಮನಸ್ಸಿನಿಂದ ಹೇಳಿದರು. ಉಳಿಸಲು ಎರಚಿದ್ದು ಹೌದು, ಅದು ಮೊದಲನೆಯ ಬುರುಡೆ. ಕೊಳವೆ ಕೆಳಗೆ ಬಿದ್ದ ಮೇಲೂ ನಾನು ಇನ್ನೊಂದು ಬುರುಡೆ ಮೊಗೆದೆ. ಅವನ ಕೈಯಲ್ಲಿ ಆಗ ಏನೂ ಇರಲಿಲ್ಲ. ಅದನ್ನು ಅವನ ಮುಖಕ್ಕೇ ಗುರಿಯಿಟ್ಟೆ. ತಿರುಗಿಕೊಂಡದ್ದರಿಂದ ಬೆನ್ನಿಗೆ ಬಿತ್ತು. ಗದ್ದಲದಲ್ಲಿ ಯಾರೂ ಅದನ್ನು ಗಮನಿಸಿಲ್ಲ, ಅವನೂ ಹೇಳಿಲ್ಲ. ಅದನ್ನೂ ಬರೆದುಕೊಳ್ಳಬೇಕು.

ಇಷ್ಟನ್ನೂ ನನಗೆ ಅರ್ಥವಾಗುವ ಮಾತಿನಲ್ಲಿ ಎರಡು ಸಲ ಓದಿ ಹೇಳಿದರು. ಮೊದಲ ಸಲ ಓದಿದಾಗ ಎರಡನೆಯ ಬುರುಡೆಯ ಮಾತು ಇರಲಿಲ್ಲ. ಸೇರಿಸಿದ ಮೇಲೆ ಹೆಬ್ಬೆಟ್ಟು ಒತ್ತಿದ್ದೇನೆ.

ಸ್ಥಳ: ಅಬುಕೆತ್ ಠಾಣೆ
ದಿನಾಂಕ: 10-3-2011, ಬೆಳಗ್ಗೆ 11-20
ಅಗುತಿ ಡಿಬೋರ, ಬಲಗೈ ಹೆಬ್ಬೆಟ್ಟು (ಎಡಗೈ ಮೇಲೆತ್ತಲಾಗುತ್ತಿಲ್ಲ)